ಗಿರಣಿ ಮೂಲೆಯ ಎಡತಿರುವು

ಜಾಗಣ್ಣನಿಗೆ ತಂದೆತಾಯಿಗಳು ಇಟ್ಟ ಹೆಸರು ಬೇರೆಯೇ ಇತ್ತು. ಅದು ಅವನ ಕಂಡಕ್ಟರ್ ಲೈಸೆನ್ಸಿನಲ್ಲಿ ಮಾತ್ರ ಉಳಿದುಕೊಂಡಿತ್ತು. ಅಲ್ಲಿಯೂ ಬೆವರು ತಾಗಿ ತಾಗಿ ಅರ್ಧ ಅಳಿಸಿಹೋಗಿತ್ತು. ಬಸ್ಸಿನೊಳಗೆ ಒಬ್ಬರು ಬಿಟ್ಟ ಉಸಿರನ್ನು ಇನ್ನೊಬ್ಬರು ಎಳೆದುಕೊಳ್ಳಬೇಕಾದಷ್ಟು ಜನ ತುಂಬಿದ್ದರೂ ಅವನು ಬಾಗಿಲಿಗೆ ಜೋತುಬಿದ್ದು, "ಜಾಗ ಇದೆ, ಜಾಗ ಇದೆ, ಬನ್ನಿ ಬನ್ನಿ" ಎಂದು ಕೂಗುತ್ತಿದ್ದ. ಅದರಿಂದ ಮೊದಲು ‘ಜಾಗ ಇದೆ’ ಎಂದಾಗಿ, ಕ್ರಮೇಣ ಜಾಗಣ್ಣ ಎಂದಾದ. ಒಮ್ಮೆ ಹೊಲಿಗೆ ಅಂಗಡಿಯ ದಪ್ಪನೆಯ ಯಜಮಾನರೊಬ್ಬರು ಮೆಟ್ಟಿಲ ಮೇಲೆ ಒಂದು ಕಾಲಿಟ್ಟು, "ಎಲ್ಲಯ್ಯಾ ಜಾಗ?" ಎಂದು ಗದರಿದರು. "ಇನ್ನೊಂದು ಕಾಲೂ ಎತ್ತಿ ಸಾರ್, ತಾನಾಗೇ ಆಗುತ್ತೆ" ಎಂದ. ಆಯಿತು ಕೂಡ. ಹಿಂದಿದ್ದವರೊಬ್ಬರು ಮಾತ್ರ ಕಿಟಕಿಯಿಂದ ಅರ್ಧ ಹೊರಗೆ ಬಂದರು.

ಅವನ ಬಸ್ಸು ಪೇಟೆಯಲ್ಲಿ ಹೊರಟು ಅಂಚೆ ಕಚೇರಿ, ನೀರಿನ ಟ್ಯಾಂಕು, ಹಳೇ ಗಿರಣಿ, ಹಾಲಿನ ಡೈರಿಗಳನ್ನು ದಾಟಿ ನಾನು ಪಾಠ ಹೇಳುತ್ತಿದ್ದ ಶಾಲೆಯ ಮುಂದೆ ನಿಲ್ಲುತ್ತಿತ್ತು. ಹತ್ತೊಂಬತ್ತು ವರ್ಷ ಬೆಳಗಿನ ಒಂಬತ್ತೂ ಹತ್ತರ ಬಸ್ಸಿನಲ್ಲಿ ನಾನು ಅವನ ಪ್ರಯಾಣಿಕನಾಗಿದ್ದೆ. ಅಷ್ಟು ವರ್ಷದಲ್ಲಿ ಅವನು ಯಾವುದೇ ದೂರವನ್ನು ಕಿಲೋಮೀಟರಿನಲ್ಲಿ ಹೇಳಿದ್ದು ನಾನು ಕೇಳಿಲ್ಲ. ಅವನ ಅಳತೆಯೇ ಟಿಕೆಟ್ಟು. ಅಂಚೆ ಕಚೇರಿಯಿಂದ ಟ್ಯಾಂಕಿಗೆ ಏಳು ಟಿಕೆಟ್ಟು. ಅಂದರೆ ಅಷ್ಟು ದೂರ ಹೋಗುವಷ್ಟರಲ್ಲಿ ಏಳು ಟಿಕೆಟ್ಟು ಹರಿದು ಕೊಟ್ಟು ಚಿಲ್ಲರೆ ಹಿಂದಿರುಗಿಸಬಹುದು ಎಂದರ್ಥ. "ನಿಮ್ಮ ಮನೆ ಎಷ್ಟು ದೂರ ಜಾಗಣ್ಣ?" ಎಂದು ಯಾರಾದರೂ ಕೇಳಿದರೆ, "ಡಿಪೋದಿಂದ ಹದಿನೈದು ಟಿಕೆಟ್ ಸ್ವಾಮಿ, ಮಧ್ಯೆ ಯಾರೂ ದೊಡ್ಡ ನೋಟು ಕೊಡದಿದ್ರೆ" ಎನ್ನುತ್ತಿದ್ದ.

ಬಸ್ಸು ಓಡಿಸುತ್ತಿದ್ದವನು ಅವನ ಹೆಂಡತಿಯ ಅಣ್ಣ. ಜಾಗಣ್ಣ ಅವನನ್ನು ಭಾವ ಎಂದು ಕರೆಯುತ್ತಿದ್ದುದರಿಂದ ಇಡೀ ಬಸ್ಸಿಗೇ ಅವನು ಭಾವನಾಗಿಬಿಟ್ಟಿದ್ದ. ಎಂಬತ್ತು ದಾಟಿದ ಅಜ್ಜಿಯರೂ "ಭಾವ, ಸ್ವಲ್ಪ ಮೆಲ್ಲಗೆ" ಎನ್ನುತ್ತಿದ್ದರು. ಭಾವ ಮಾತನಾಡುತ್ತಿದ್ದುದು ಕಡಿಮೆ. ಇಡೀ ದಿನದ ಮಾತನ್ನು ಹಾರ್ನಿನಲ್ಲೇ ಮುಗಿಸಿಬಿಡುವ ಜಾತಿ.

ಜಾಗಣ್ಣನ ಹೆಂಡತಿ ದೊಡ್ಡಾಸ್ಪತ್ರೆಯ ಬಟ್ಟೆ ಒಗೆಯುವ ವಿಭಾಗದಲ್ಲಿ ಕೆಲಸಕ್ಕಿದ್ದರು. ಆಸ್ಪತ್ರೆಯವರೆಲ್ಲ ಅವರನ್ನು ಲಾಂಡ್ರಿ ಅಕ್ಕ ಎನ್ನುತ್ತಿದ್ದರು. ಅವರೂ ಇದೇ ಬಸ್ಸಿಗೆ ಬರುತ್ತಿದ್ದರು. ಆದರೆ ಬಸ್ಸು ಹತ್ತಿದ ಮೇಲೆ ಗಂಡ ಹೆಂಡತಿ ಇಬ್ಬರೂ ಅಪರಿಚಿತರು. ಜಾಗಣ್ಣ ಬಂದು, "ಟಿಕೆಟ್, ಟಿಕೆಟ್" ಎನ್ನುವನು. ಅವರು ಕಿಟಕಿಯ ಹೊರಗೆ ನೋಡುತ್ತಲೇ, "ಆಸ್ಪತ್ರೆ ಒಂದು" ಎನ್ನುವರು. ಅವನು ಹರಿದು ಕೊಡುವನು. "ಚಿಲ್ಲರೆ ಕೊಡಮ್ಮಾ" ಎಂದು ಬೇಕೆಂದೇ ಗೊಣಗುವನು. ಮನೆಯಲ್ಲಿ ಅದಕ್ಕೆ ಏನು ಉತ್ತರ ಸಿಗುತ್ತಿತ್ತೋ ನಮಗೆ ತಿಳಿಯದು. ಹೊಸಬರೊಬ್ಬರು ಒಮ್ಮೆ ಲಾಂಡ್ರಿ ಅಕ್ಕನ ಪಕ್ಕದಲ್ಲೇ ಕುಳಿತು, "ಈ ಕಂಡಕ್ಟರಿಗೆ ಬಾಯಿ ಜಾಸ್ತಿ, ಪಾಪ, ಹೆಂಡತಿ ಹೇಗೆ ಸಹಿಸ್ತಾಳೋ" ಎಂದರು. "ಕಿವಿಗೆ ಹತ್ತಿ ಇಟ್ಕೊಂಡಿರ್ತಾಳೆ, ಆಸ್ಪತ್ರೇಲಿ ಪುಕ್ಕಟೆ ಸಿಗುತ್ತಲ್ಲ" ಎಂದರು ಲಾಂಡ್ರಿ ಅಕ್ಕ.

ಈಗ ಆ ತಿರುವಿನ ವಿಷಯಕ್ಕೆ ಬರಬೇಕು. ಹಳೇ ಗಿರಣಿಯ ಮೂಲೆಯಲ್ಲಿ ರಸ್ತೆ ನೇರವಾಗಿ ಹೋದರೆ ಹಾಲಿನ ಡೈರಿ. ಎಡಕ್ಕೆ ತಿರುಗಿದರೆ ಏರುದಾರಿ. ಅದು ಆಸ್ಪತ್ರೆಯ ಹಿಂಬದಿಯ ಗೇಟನ್ನು ಮುಟ್ಟಿ, ಸುತ್ತಿ ಬಳಸಿ ಮತ್ತೆ ಡೈರಿಯ ಹತ್ತಿರವೇ ಇಳಿಯುತ್ತದೆ. ಸುತ್ತು ದಾರಿ ಎರಡು ಕಿಲೋಮೀಟರ್ ಹೆಚ್ಚು. ಬಸ್ಸಿನ ಪರ್ಮಿಟ್ಟಿನಲ್ಲಿ ಬರೆದದ್ದು ನೇರ ದಾರಿ. ಒಂದು ಬೇಸಗೆಯಲ್ಲಿ ಕೊಳವೆ ಹಾಕಲು ನೇರ ದಾರಿಯನ್ನು ಅಗೆದರು. ಮೂರು ತಿಂಗಳು ಬಸ್ಸು ಆಸ್ಪತ್ರೆಯನ್ನು ಸುತ್ತಿ ಹೋಯಿತು. ರಸ್ತೆ ಮುಚ್ಚಿದ ಮೇಲೆ ಭಾವ ಹಿಂದಿನಂತೆ ನೇರ ಹೊರಟ. ಅಂದು ಲಾಂಡ್ರಿ ಅಕ್ಕ ಗಿರಣಿ ಮೂಲೆಯಲ್ಲಿ ಇಳಿದರು. ಅವರ ಮಂಡಿ ನೋವು ಶುರುವಾದದ್ದೂ ಅದೇ ವರ್ಷ. ಜಾಗಣ್ಣ ಹಿಂಬದಿಯ ಗಾಜಿನಲ್ಲಿ ನೋಡಿದ: ಹೆಂಡತಿ ಏರು ಹತ್ತುತ್ತ, ಮಂಡಿಯ ಮೇಲೆ ಕೈಯಿಟ್ಟು ಎರಡು ಸಲ ನಿಂತಳು. ಮೂರನೆಯ ಸಲ ನಿಂತದ್ದನ್ನು ನೋಡುವಷ್ಟರಲ್ಲಿ ಬಸ್ಸು ಮುಂದೆ ಬಂದಿತ್ತು.

ಮರುದಿನ ಗಿರಣಿ ಮೂಲೆ ಹತ್ತಿರವಾಗುತ್ತಿದ್ದಂತೆ ಜಾಗಣ್ಣ ಮುಂದೆ ಹೋಗಿ, "ಭಾವ, ಇನ್ನೂ ಅಗೀತಾ ಇದ್ದಾರಂತೆ" ಎಂದ.

ಭಾವ ಎದುರಿನ ರಸ್ತೆ ನೋಡಿದ. ಹೊಸ ಟಾರು ಕನ್ನಡಿಯ ಹಾಗೆ ಹೊಳೆಯುತ್ತಿತ್ತು. "ಹೌದೌದು, ಅಗೀತಾ ಇದ್ದಾರೆ" ಎಂದು ಎಡಕ್ಕೆ ತಿರುಗಿಸಿದ. ಬಸ್ಸಿನಲ್ಲಿದ್ದ ನಾವೆಲ್ಲ ಆ ಹೊಸ ಟಾರನ್ನು ನೋಡಿದೆವು. ಅಂದಿನಿಂದ ಹನ್ನೆರಡು ವರ್ಷ ಆ ರಸ್ತೆಯನ್ನು ನಮ್ಮ ಲೆಕ್ಕದಲ್ಲಿ ಅಗೆಯುತ್ತಲೇ ಇದ್ದರು.

ಮನೆಯಲ್ಲಿ ಹೆಂಡತಿಗೆ ಅವನು ಹೇಳಿದ್ದು ಬೇರೆ: "ಈಗ ಮಾರ್ಗಾನೇ ಹಾಗೆ ಮಾಡಿದ್ದಾರೆ ಕಣೇ, ಸರ್ಕಾರಿ ಆದೇಶ."

ಬಸ್ಸಿನ ಒಡತಿಯನ್ನು ಎಲ್ಲರೂ ಅಮ್ಮಾವ್ರು ಎನ್ನುತ್ತಿದ್ದರು. ಗಂಡ ಬಿಟ್ಟುಹೋದ ಮೂರು ಬಸ್ಸುಗಳನ್ನು ಹಳೆಯ ಟೈರುಗಳ ನಡುವಿನ ಒಂದು ಕೋಣೆಯಲ್ಲಿ ಕುಳಿತು ನಡೆಸುತ್ತಿದ್ದ ಗಟ್ಟಿಗಿತ್ತಿ. ಸುತ್ತು ದಾರಿಯ ವಿಷಯ ಅವರಿಗೆ ವರ್ಷದೊಳಗೆ ತಿಳಿಯಿತು. ಆಸ್ಪತ್ರೆಯ ಜನ ತುಂಬಿಕೊಳ್ಳುತ್ತಿದ್ದುದರಿಂದ ಅವರೂ ಕಣ್ಣು ಮುಚ್ಚಿಕೊಂಡರು. ಡೀಸೆಲ್ ಬೆಲೆ ಏರಿದಾಗ ಮಾತ್ರ ಆ ಕಣ್ಣು ಥಟ್ಟನೆ ತೆರೆಯಿತು. ನಮ್ಮಲ್ಲಿ ಬಸ್ ದರ ಲೆಕ್ಕ ಹಾಕುವುದು ಸ್ಟೇಜುಗಳ ಮೇಲೆ. ಎರಡು ಕಿಲೋಮೀಟರಿಗೆ ಒಂದು ಸ್ಟೇಜು. ಪರ್ಮಿಟ್ಟಿನ ಪ್ರಕಾರ ನಮ್ಮ ಮಾರ್ಗ ಹದಿನಾಲ್ಕು ಕಿಲೋಮೀಟರ್, ಏಳು ಸ್ಟೇಜು. ಅಮ್ಮಾವ್ರು ಒಂದು ಸೋಮವಾರದಿಂದ ಎಂಟು ಸ್ಟೇಜಿನ ದರ ಶುರು ಮಾಡಿದರು.

"ಅಮ್ಮಾವ್ರೇ, ಜನ ಬೈತಾರೆ" ಎಂದ ಜಾಗಣ್ಣ.

"ಬೈದ್ರೆ ಬೈಸ್ಕೊ. ನಿನಗೆ ಸಂಬಳ ಕೊಡೋದು ಮತ್ಯಾತಕ್ಕೆ?"

ವಾರದೊಳಗೆ ಸಾರಿಗೆ ಕಚೇರಿಯಿಂದ ನೋಟೀಸು ಬಂತು: ನಿಗದಿತ ದರಕ್ಕಿಂತ ಹೆಚ್ಚು ವಸೂಲು ಮಾಡುತ್ತಿದ್ದೀರಿ, ನಿಲ್ಲಿಸಿ. ಅಮ್ಮಾವ್ರಿಗೆ ಇದು ಹಬ್ಬದೂಟಕ್ಕೆ ಕರೆದಂತಾಯಿತು. ಅವರಿಗೆ ವ್ಯಾಜ್ಯವೆಂದರೆ ಪ್ರಾಣ. ಕೋರ್ಟಿಗೆ ಹೋಗುವ ದಿನ ಮದುವೆಮನೆಗೆ ಹೊರಟವರಂತೆ ಸೀರೆ ಆರಿಸುತ್ತಿದ್ದರು. ಅವರ ಅಣ್ಣನ ಮಗನೇ ವಕೀಲ. ಮನೆ ಪಾಲು, ಗೋಡೆ ಜಗಳ ಬಿಟ್ಟರೆ ಬೇರೆ ಕೇಸು ಕಂಡವನಲ್ಲ. ಅವನಿಂದ ಸಾರಿಗೆ ನ್ಯಾಯಮಂಡಳಿಗೆ ಅರ್ಜಿ ಹಾಕಿಸಿದರು: ಮಾರ್ಗದ ನಿಜವಾದ ಉದ್ದ ಹದಿನಾರು ಕಿಲೋಮೀಟರ್, ಕಚೇರಿಯ ಲೆಕ್ಕ ತಪ್ಪು, ಬೇಕಾದರೆ ಅಳೆದು ನೋಡಿ.

ಎದುರು ಪಕ್ಷದಲ್ಲಿದ್ದವರು ಸಾರಿಗೆ ಅಧಿಕಾರಿ. ಅಳತೆ ಸಾಹೇಬರು ಎಂದು ಅವರ ಬಿರುದು. ಜೇಬಿನಲ್ಲಿ ಸದಾ ಉಕ್ಕಿನ ಟೇಪು. ಸೀಟಿನಿಂದ ಸೀಟಿಗೆ, ಮೆಟ್ಟಿಲಿನಿಂದ ನೆಲಕ್ಕೆ, ಯಾವುದನ್ನೂ ಬಿಟ್ಟವರಲ್ಲ. "ಅವರ ಮನೇಲಿ ರೊಟ್ಟೀನೂ ಅಳೆದೇ ತಿಂತಾರೆ" ಎಂದು ಜಾಗಣ್ಣ ಹೇಳುತ್ತಿದ್ದ. ಅವರು ಹದಿನಾಲ್ಕೇ ಸರಿ ಎಂದು ಉತ್ತರ ಕೊಟ್ಟರು. ನ್ಯಾಯಮಂಡಳಿಯ ಅಧ್ಯಕ್ಷರು, ಎರಡೂ ಕಡೆಯವರು ಕೂಡಿ ಬಸ್ಸಿನ ಹಿಂದೆ ಹೋಗಿ ಅಳೆದು ಬನ್ನಿ, ಎಂದು ಆಜ್ಞೆ ಮಾಡಿದರು.

ಅಳತೆಯ ಹಿಂದಿನ ದಿನ ಮಧ್ಯಾಹ್ನ ವಕೀಲ ಜಾಗಣ್ಣನನ್ನು ಅಮ್ಮಾವ್ರ ಕೋಣೆಗೆ ಕರೆಸಿಕೊಂಡ. ಸಾಕ್ಷಿಗೆ ಸಿದ್ಧ ಮಾಡಬೇಕಲ್ಲ. ಅದಕ್ಕಾಗಿ ಪರ್ಮಿಟ್ಟನ್ನು ಮೊದಲ ಬಾರಿಗೆ ಬಿಡಿಸಿ ಓದಿದ. ಅಂಚೆ ಕಚೇರಿ, ಟ್ಯಾಂಕು, ಗಿರಣಿ, ಡೈರಿ, ಶಾಲೆ. ಮತ್ತೆ ಓದಿದ.

"ಅತ್ತೆ, ಇದರಲ್ಲಿ ಆಸ್ಪತ್ರೆ ಎಲ್ಲಿ?"

"ಇದ್ದಲ್ಲೇ ಇದೆ. ಆಸ್ಪತ್ರೆ ಎಲ್ಲಿಗೆ ಹೋಗುತ್ತೆ?"

"ಪರ್ಮಿಟ್ಟಿನಲ್ಲಿ ಇಲ್ಲ ಅತ್ತೆ! ಬಸ್ಸು ಆ ಕಡೆ ಹೋಗೋ ಹಾಗೇ ಇಲ್ಲ. ಹದಿನಾರು ಕಿಲೋಮೀಟರ್ ಅಂತ ನಾವು ಸಾಬೀತು ಮಾಡಿದ್ರೆ, ಹನ್ನೆರಡು ವರ್ಷದಿಂದ ಮಾರ್ಗ ತಪ್ಪಿ ಓಡಿಸ್ತಿದ್ದೀವಿ ಅಂತ ನಾವೇ ಸಾಬೀತು ಮಾಡಿದ ಹಾಗೆ. ಗೆದ್ದ ದಿನವೇ ಪರ್ಮಿಟ್ ರದ್ದು."

ಅಮ್ಮಾವ್ರು ಅಳಿಯನ ಮುಖ ನೋಡಿದರು. "ಅರ್ಜಿ ಬರೆಯೋ ಮುಂಚೆ ಇದನ್ನ ಓದಿರಲಿಲ್ವೇನೋ?"

"ನೀವು ಹೇಳಿದ್ದನ್ನ ಬರ್ದೆ ಅತ್ತೆ."

"ನಿನ್ನ ಓದಿಸೋಕೆ ಒಂದು ಬಸ್ಸು ಮಾರಿದ್ರು ನಿಮ್ಮಪ್ಪ. ಆ ಬಸ್ಸೇ ವಾದ ಮಾಡಿದ್ರೂ ಇದಕ್ಕಿಂತ ಚೆನ್ನಾಗಿ ಮಾಡ್ತಿತ್ತು."

ಕೊನೆಗೆ ನಿರ್ಧಾರವಾಯಿತು: ನಾಳೆ ಒಂದು ದಿನ ಬಸ್ಸು ಗಿರಣಿ ಮೂಲೆಯಲ್ಲಿ ನೇರ ಹೋಗಬೇಕು. ಅಳತೆ ಹದಿನಾಲ್ಕು ಬರುತ್ತದೆ, ಕೇಸು ಸೋಲುತ್ತದೆ, ಪರ್ಮಿಟ್ಟು ಉಳಿಯುತ್ತದೆ. "ಸೋಲೋಕೆ ಅಂತ ಕೇಸು ಹಾಕಿದ ಮೊದಲ ಹೆಂಗಸು ನಾನೇ ಇರಬೇಕು" ಎಂದು ಅಮ್ಮಾವ್ರು ಗೋಳಿಟ್ಟರು. ಜಾಗಣ್ಣ ತಲೆಯಾಡಿಸಿದ. ಪರ್ಮಿಟ್ಟು ಹೋದರೆ ಬಸ್ಸೂ ಹೋಗುತ್ತದೆ, ಹೆಗಲ ಮೇಲಿನ ಚರ್ಮದ ಚೀಲವೂ ಹೋಗುತ್ತದೆ. ಐವತ್ತಾರರ ಕಂಡಕ್ಟರನನ್ನು ಯಾರು ಕರೆದು ಕೆಲಸ ಕೊಡುತ್ತಾರೆ?

ಬೆಳಿಗ್ಗೆ ಮನೆಯಿಂದ ಹೊರಡುವಾಗ ಹೆಂಡತಿಗೆ, "ಇವತ್ತೊಂದಿನ ಗಿರಣಿ ಹತ್ರ ಇಳ್ಕೊ. ರಸ್ತೆ ಅಗೀತಾರಂತೆ" ಎಂದ.

"ಯಾವ ರಸ್ತೆ?"

"ಅದೇ, ಆ ರಸ್ತೆ."

"ಮತ್ತೆ ಅಗೀತಾರಾ? ಒಳಗೆ ಏನು ಬಿಟ್ಟಿದ್ದಾರೋ ಪಾಪ" ಎಂದರು ಲಾಂಡ್ರಿ ಅಕ್ಕ.

ಭಾವನಿಗೆ ಹತ್ತು ಸಲ ಹೇಳಿದ್ದಾಯಿತು. "ನೇರ, ಭಾವ. ನೇರ." ಭಾವ ಹತ್ತು ಸಲವೂ ಹೂಂ ಎಂದ. ಅಮ್ಮಾವ್ರು ಮುಂದಿನ ಸೀಟಿನಲ್ಲಿ ಕುಳಿತರು. ಹಿಂದೆ ಜೀಪಿನಲ್ಲಿ ಅಳತೆ ಸಾಹೇಬರು ಹೊಸ ಮೀಟರಿನ ಮೇಲೆ ಕಣ್ಣಿಟ್ಟು ಕುಳಿತಿದ್ದರು, ಅವರ ಪಕ್ಕದಲ್ಲಿ ಬೆವರುತ್ತ ವಕೀಲ. ಆಸ್ಪತ್ರೆಯ ಜನಕ್ಕೆಲ್ಲ ಜಾಗಣ್ಣ ಕಿವಿಯಲ್ಲಿ ಗುಟ್ಟು ಹೇಳಿದ್ದ. ಗುಟ್ಟಾದ್ದರಿಂದ ಟ್ಯಾಂಕು ಬರುವಷ್ಟರಲ್ಲಿ ಇಡೀ ಬಸ್ಸಿಗೆ ತಿಳಿದಿತ್ತು.

ಗಿರಣಿ ಮೂಲೆ ಬಂತು. ಆಸ್ಪತ್ರೆಯವರು ಇಳಿಯಲು ಎದ್ದು ನಿಂತರು. ಆದರೆ ಅಲ್ಲಿ ಯಾವಾಗಲೂ ಜನ ಹತ್ತುವ ನೂಕುನುಗ್ಗಲು. ಹತ್ತುವವರು ಇಳಿಯುವವರನ್ನು ಒಳಕ್ಕೇ ಒತ್ತಿಕೊಂಡು ಬಂದರು. ಜಾಗಣ್ಣ ಎಂದಿನ ರೂಢಿಯಂತೆ "ಜಾಗ ಇದೆ, ಜಾಗ ಇದೆ" ಎನ್ನುತ್ತ "ರೈಟ್" ಎಂದು ಸೀಟಿ ಊದಿ, ತಲೆ ತಗ್ಗಿಸಿ ಟಿಕೆಟ್ಟು ಹರಿಯತೊಡಗಿದ. ಗಿರಣಿಯಿಂದ ಹತ್ತುವವರು ಯಾವಾಗಲೂ ಹನ್ನೊಂದು ಜನ. ಒಂದು, ಎರಡು, ಮೂರು. ಅಮ್ಮಾವ್ರು ಕಣ್ಣು ಮುಚ್ಚಿ ಏನೋ ಪ್ರಾರ್ಥಿಸುತ್ತಿದ್ದರು. ನಾನು ಪತ್ರಿಕೆ ಓದುತ್ತಿದ್ದೆ. ಹನ್ನೊಂದನೆಯ ಟಿಕೆಟ್ಟು ಹರಿದು ಜಾಗಣ್ಣ ತಲೆಯೆತ್ತಿದರೆ, ಬಸ್ಸು ಆಸ್ಪತ್ರೆಯ ಗೇಟಿನ ಮುಂದೆ ನಿಂತಿದೆ.

"ಭಾವ!"

ಭಾವ ಸ್ಟಿಯರಿಂಗಿನ ಮೇಲಿದ್ದ ತನ್ನ ಕೈಗಳನ್ನು, ಬೇರೆ ಯಾರದೋ ಕೈ ಎಂಬಂತೆ ನೋಡುತ್ತಿದ್ದ. "ನಾನು ನೇರಾನೇ ಹೋಗ್ತಿದ್ದೆ ಕಣೋ" ಎಂದ ದೀನನಾಗಿ. "ಇದೇ ತಿರುಗಿಬಿಡ್ತು."

ಅಮ್ಮಾವ್ರು ಕಣ್ಣು ತೆರೆದು, ಆಸ್ಪತ್ರೆಯ ಫಲಕವನ್ನು ಓದಿ, ಮತ್ತೆ ಕಣ್ಣು ಮುಚ್ಚಿಕೊಂಡರು. ಆಸ್ಪತ್ರೆಯವರು ಸಂತೋಷದಿಂದ ಇಳಿದುಹೋದರು. ಲಾಂಡ್ರಿ ಅಕ್ಕ ಇಳಿಯುವಾಗ ಗಂಡನ ಕಡೆ ತಿರುಗಿ, "ಅಗೆದದ್ದು ಮುಗೀತೇನು?" ಎಂದರು.

ಜೀಪಿನಿಂದ ಇಳಿದ ಅಳತೆ ಸಾಹೇಬರ ಮುಖ ಅರಳಿತ್ತು. ಗೇಟಿನ ಪಕ್ಕದ ಟೀ ಅಂಗಡಿಯವನು ಅವರ ಇಲಾಖೆಯ ಟೋಪಿ ಕಂಡು, "ಬನ್ನಿ ಸಾರ್, ಚೆಕಿಂಗಾ? ಎಂದಿನ ಹಾಗೆ ಸಕ್ಕರೆ ಕಮ್ಮಿ ತಾನೆ?" ಎಂದು ಲೋಟ ತೊಳೆಯತೊಡಗಿದ. ಸಾಹೇಬರು ಅವನನ್ನು ಗದರಿಸಿ ಜೀಪು ಹತ್ತಿದರು. ಶಾಲೆಯ ಹತ್ತಿರ ಮೀಟರು ಹದಿನಾರು ಕಿಲೋಮೀಟರ್ ನೂರು ಮೀಟರ್ ತೋರಿಸಿತು. "ಅಭಿನಂದನೆಗಳು ಅಮ್ಮಾ. ನಿಮ್ಮ ಲೆಕ್ಕವೇ ಸರಿ" ಎಂದು ಸಾಹೇಬರು ಕೈಮುಗಿದರು. ಪರ್ಮಿಟ್ಟು ಏಕೆ ರದ್ದು ಮಾಡಬಾರದು ಎಂದು ಕೇಳುವ ನೋಟೀಸು ಮೂರನೆಯ ದಿನ ಬಂತು.

ವಕೀಲ ಹೊಸ ದಾರಿ ಹುಡುಕಿದ. ಜಾಗಣ್ಣ ನ್ಯಾಯಮಂಡಳಿಯಲ್ಲಿ ಹೇಳಬೇಕಾದ್ದು ಇಷ್ಟೇ: ಬಸ್ಸು ಯಾವಾಗಲೂ ನೇರವೇ ಹೋಗುತ್ತದೆ, ಅಂದು ಒಂದು ದಿನ ಡ್ರೈವರ್ ತಪ್ಪಿ ತಿರುಗಿಸಿದ. ಸಣ್ಣ ದಂಡ ಕಟ್ಟಿ, ಮುಂದೆ ಎಂದೆಂದಿಗೂ ನೇರ ಓಡಿಸುತ್ತೇವೆಂದು ಮುಚ್ಚಳಿಕೆ ಬರೆದುಕೊಟ್ಟರೆ ಮುಗಿಯಿತು.

"ಎಂದೆಂದಿಗೂ ನೇರಾನಾ?" ಎಂದ ಜಾಗಣ್ಣ.

"ಮತ್ತೇನು? ನಿನಗೇನು ಕಷ್ಟ? ನೀನೇನು ಏರು ಹತ್ತಬೇಕಾ?" ಎಂದರು ಅಮ್ಮಾವ್ರು.

ಆ ಭಾನುವಾರ ಮಧ್ಯಾಹ್ನದ ಸಂಗತಿಯನ್ನು ಅವನೇ ನನಗೆ ಆಮೇಲೆ ಹೇಳಿದ. ಅಡುಗೆಮನೆಯ ಬಾಗಿಲಲ್ಲಿ ಕುಳಿತಿದ್ದನಂತೆ. ಹೆಂಡತಿ ಸ್ಟೂಲಿನ ಮೇಲೆ ನಿಂತು ಶೆಲ್ಫಿನ ಡಬ್ಬಿಗಳನ್ನು ಒಂದೊಂದಾಗಿ ಕೆಳಗಿಳಿಸುತ್ತಿದ್ದರು.

"ನಾಳೆ ಏನು ಹೇಳ್ತೀರಿ?"

"ವಕೀಲರು ಹೇಳ್ಕೊಟ್ಟಿದ್ದನ್ನ."

"ಅಂದ್ರೆ ಸುಳ್ಳು."

"ಸುಳ್ಳಲ್ವೇ. ವಕೀಲರ ಮಾತು." ಮತ್ತೆ, "ನಿಜ ಹೇಳಿದ್ರೆ ಕೆಲಸ ಹೋಗುತ್ತೆ. ಸುಳ್ಳು ಹೇಳಿದ್ರೆ ನೀನು ನಡೀಬೇಕು" ಎಂದ.

"ನಾನು ನಡೆಯೋದಕ್ಕೂ ಅದಕ್ಕೂ ಏನು ಸಂಬಂಧ? ಮಾರ್ಗ ಬದಲಾದದ್ದು ಸರ್ಕಾರಿ ಆದೇಶ ಅಲ್ವಾ?"

ಜಾಗಣ್ಣ ಕೆಳಗಿಟ್ಟಿದ್ದ ಡಬ್ಬಿಯೊಂದರ ಮುಚ್ಚಳ ತೆಗೆದು, ಒಳಗೆ ನೋಡಿ, ಮತ್ತೆ ಮುಚ್ಚಿದ.

"ರೀ, ನನಗೆ ನೋವಿರೋದು ಮಂಡೀಲಿ, ಕಣ್ಣಲ್ಲಲ್ಲ" ಎಂದರು ಲಾಂಡ್ರಿ ಅಕ್ಕ. "ಮೊದಲನೇ ದಿನವೇ ಗೊತ್ತಾಯ್ತು. ಹೊಸ ಟಾರು ವಾಸನೆ ಬಸ್ಸಿನೊಳಗೆ ಬರ್ತಿತ್ತು. ಹೇಳಿದ್ರೆ ಎಲ್ಲಿ ನೀವು ನಾಚ್ಕೊಂಡು ನೇರ ಹೋಗಿಬಿಡ್ತೀರೋ ಅಂತ ಸುಮ್ನಿದ್ದೆ. ಹಿಡೀರಿ ಇದನ್ನ."

ಡಬ್ಬಿಗಳ ಕೆಳಗೆ ಹಾಸಿದ್ದ ಕಾಗದಗಳನ್ನು ಅವರು ಕಿತ್ತು ಕೊಟ್ಟರು. ಅವು ಹಳೆಯ ಟ್ರಿಪ್ ಶೀಟುಗಳು. ಕಂಡಕ್ಟರ್ ಪ್ರತಿ ದಿನ ಟಿಕೆಟ್ಟಿನ ಲೆಕ್ಕ ಬರೆಯುವ ಹಾಳೆ. ಚೆಕಿಂಗಿನವರು ಬಸ್ಸು ಹತ್ತಿದರೆ ಅದರಲ್ಲೇ ಸ್ಥಳ, ಸಮಯ ಬರೆದು ಸಹಿ ಹಾಕಬೇಕು. ವರ್ಷ ಕಳೆದ ಹಾಳೆಗಳನ್ನು ಅಮ್ಮಾವ್ರು ರದ್ದಿಗೆ ಹಾಕಿಸುವಾಗ ಜಾಗಣ್ಣ ಒಂದು ಕಟ್ಟು ಮನೆಗೆ ತರುತ್ತಿದ್ದ. ಎಣ್ಣೆಯ ಉಂಗುರಗಳ ನಡುವೆ ಲಾಂಡ್ರಿ ಅಕ್ಕ ಬೆರಳಿಟ್ಟು ತೋರಿಸಿದರು. "ಡಬ್ಬಿ ಒರೆಸುವಾಗೆಲ್ಲ ಓದ್ತಾ ಇರ್ತೀನಿ. ನಿಮ್ಮ ಕೈಬರಹ ಬಿಟ್ರೆ ಉಳಿದದ್ದೆಲ್ಲ ಅರ್ಥ ಆಗುತ್ತೆ."

ಮರುದಿನ ನಾನೂ ರಜೆ ಹಾಕಿ ಹೋದೆ. ನ್ಯಾಯಮಂಡಳಿಯೆಂದರೆ ಸಾರಿಗೆ ಕಚೇರಿಯ ಮಹಡಿಯಲ್ಲಿ ಒಂದು ಉದ್ದನೆಯ ಕೋಣೆ. ಫ್ಯಾನು ತಿರುಗುತ್ತಿರಲಿಲ್ಲ, ಆದರೆ ಸದ್ದು ಮಾಡುತ್ತಿತ್ತು. ಅಧ್ಯಕ್ಷರು ಮುಪ್ಪಿನವರು, ಕನ್ನಡಕವನ್ನು ಹಣೆಯ ಮೇಲಿಟ್ಟುಕೊಂಡು ಮೇಜಿನ ಮೇಲೆ ಹುಡುಕುವ ಪೈಕಿ. ವಕೀಲ ಎದ್ದು, "ನಮ್ಮ ಅತ್ತೆಯವರು... ಕ್ಷಮಿಸಿ, ಅರ್ಜಿದಾರರು" ಎಂದು ಆರಂಭಿಸಿ, ಜಾಗಣ್ಣನನ್ನು ಮುಂದೆ ಕರೆದ.

"ಬಸ್ಸು ಎಂದಿನ ದಿನಗಳಲ್ಲಿ ಯಾವ ದಾರೀಲಿ ಹೋಗುತ್ತೆ? ನೇರ ತಾನೆ?"

ಜಾಗಣ್ಣ ಹೆಗಲ ಮೇಲಿನ ಚರ್ಮದ ಚೀಲ ಸರಿಮಾಡಿಕೊಂಡ. ಅದನ್ನು ಅಲ್ಲಿಗೂ ಹಾಕಿಕೊಂಡೇ ಬಂದಿದ್ದ.

"ಇಲ್ಲ ಸಾರ್. ಎಡಕ್ಕೆ ತಿರುಗುತ್ತೆ. ಹನ್ನೆರಡು ವರ್ಷದಿಂದ, ದಿನಾ."

ವಕೀಲ ಕುಳಿತ. ಕುರ್ಚಿ ಸ್ವಲ್ಪ ಹಿಂದೆ ಇತ್ತು, ಸಿಕ್ಕಿದ್ದು ಪುಣ್ಯ. ಅಮ್ಮಾವ್ರು ಸೆರಗಿನಿಂದ ಬಾಯಿ ಮುಚ್ಚಿಕೊಂಡರು. ಅಳತೆ ಸಾಹೇಬರು ಚಿಮ್ಮಿ ನಿಂತರು.

"ಯಾರ ಅಪ್ಪಣೆಯಿಂದ?"

"ನನ್ನದೇ ಸಾರ್. ಅಮ್ಮಾವ್ರು ಹೇಳಿದ್ದಲ್ಲ. ಭಾವ ನಾನು ಹೇಳಿದ್ದಕ್ಕೆ ತಿರುಗಿಸಿದ್ದು."

"ಭಾವ ಯಾರು?" ಎಂದರು ಅಧ್ಯಕ್ಷರು.

"ಡ್ರೈವರ್, ಸ್ವಾಮಿ" ಎಂದು ಅಳತೆ ಸಾಹೇಬರೇ ಹೇಳಿಬಿಟ್ಟರು. ಅಧ್ಯಕ್ಷರು ಹಾಗೆಯೇ ಬರೆದುಕೊಂಡರೆಂದು ಕಾಣುತ್ತದೆ. ಆಮೇಲೆ ಬಂದ ಆದೇಶದ ಪ್ರತಿಯಲ್ಲಿ ‘ಚಾಲಕ (ಭಾವ)’ ಎಂದೇ ಇತ್ತು.

"ಏಕೆ ತಿರುಗಿಸಬೇಕಿತ್ತು?" ಎಂದರು ಸಾಹೇಬರು.

"ನನ್ನ ಹೆಂಡತಿ ಆಸ್ಪತ್ರೇಲಿ ಕೆಲಸ ಮಾಡ್ತಾಳೆ. ಮಂಡಿ ನೋವು. ಏರು ಹತ್ತೋಕಾಗಲ್ಲ."

ಹಿಂದಿನ ಬೆಂಚಿನಲ್ಲಿ ಯಾರೋ ಕಿಸಕ್ಕೆಂದರು. ಜಾಗಣ್ಣನ ಕಿವಿ ಕೆಂಪಗಾಯಿತು. ಅಧ್ಯಕ್ಷರು ಕೇಳಿದರು: "ಆ ಏರು ಎಷ್ಟು ಉದ್ದ ಇದೆ?"

"ಹನ್ನೊಂದು ಟಿಕೆಟ್ ಸಾರ್."

ಅದನ್ನು ವಿವರಿಸಲು ಸ್ವಲ್ಪ ಹೊತ್ತು ಹಿಡಿಯಿತು. ಅಷ್ಟರಲ್ಲಿ ಅಳತೆ ಸಾಹೇಬರು ದನಿ ಏರಿಸಿದ್ದರು: "ಒಪ್ಪಿಕೊಂಡಿದ್ದಾರೆ ಸ್ವಾಮಿ. ಹನ್ನೆರಡು ವರ್ಷ ಇಲಾಖೆಯ ಕಣ್ಣಿಗೆ ಮಣ್ಣೆರಚಿದ್ದಾರೆ. ನಮಗೆ ಇದರ ಗಂಧಗಾಳಿಯೂ ಇರಲಿಲ್ಲ. ಪರ್ಮಿಟ್ಟು ರದ್ದಾಗಲೇಬೇಕು."

ಜಾಗಣ್ಣ ಚೀಲದ ಬಾಯಿ ಬಿಚ್ಚಿ ಹಾಳೆಗಳ ಕಟ್ಟು ತೆಗೆದು ಮೇಜಿನ ಮೇಲಿಟ್ಟ. ಅಧ್ಯಕ್ಷರು ಒಂದನ್ನು ಎತ್ತಿ ಮೂಗಿನ ಹತ್ತಿರ ಹಿಡಿದವರೇ ಎರಡು ಸಲ ಸೀನಿದರು.

"ಏನಯ್ಯಾ ಇದು?"

"ಟ್ರಿಪ್ ಶೀಟ್ ಸಾರ್. ಮೆಣಸಿನಪುಡಿ ಡಬ್ಬಿ ಕೆಳಗಿತ್ತು, ಅದಕ್ಕೇ. ಇದನ್ನ ನೋಡಿ ಸಾರ್, ಇದು ಸಕ್ಕರೆ ಡಬ್ಬಿದು."

ಅಧ್ಯಕ್ಷರು ಸಕ್ಕರೆಯ ಹಾಳೆ ತೆಗೆದುಕೊಂಡು ಓದಿದರು. "ತಪಾಸಣೆ ಮಾಡಿದ ಸ್ಥಳ, ಆಸ್ಪತ್ರೆ ಗೇಟ್." ಇನ್ನೊಂದು ತೆಗೆದರು. "ಆಸ್ಪತ್ರೆ ಗೇಟ್." ಮತ್ತೊಂದು. "ಆಸ್ಪತ್ರೆ ಗೇಟ್." ಅವರಿಗೆ ಈಗ ಉತ್ಸಾಹ ಬಂದಿತ್ತು. "ಏನ್ರೀ ಸಾಹೇಬರೇ, ನಿಮ್ಮವರು ಎಲ್ಲಾ ಚೆಕಿಂಗೂ ಆಸ್ಪತ್ರೆ ಗೇಟಿನಲ್ಲೇ ಮಾಡ್ತಾರಲ್ಲ. ಬಸ್ಸು ಅಲ್ಲಿಗೆ ಹೋಗೋದೇ ಗೊತ್ತಿಲ್ಲ ಅಂದ್ರಿ?"

"ಅಲ್ಲಿ ನೆರಳಿದೆ ಸಾರ್" ಎಂದ ಜಾಗಣ್ಣ ಸಹಾಯಕ್ಕೆ ಬಂದು. "ಟೀ ಅಂಗಡೀನೂ ಇದೆ."

"ಕೆಳಗಿನ ಸಿಬ್ಬಂದಿ, ಸ್ವಾಮಿ. ಅವರಿಗೆ ತಿಳಿವಳಿಕೆ ಸಾಲದು."

ಅಧ್ಯಕ್ಷರು ಕನ್ನಡಕವನ್ನು ಹಣೆಯಿಂದ ಕೆಳಗಿಳಿಸಿ ಒಂದು ಹಾಳೆಯನ್ನು ಬೆಳಕಿಗೆ ಹಿಡಿದರು. "ಇದು ಹನ್ನೊಂದು ವರ್ಷದ ಹಿಂದಿನದು. ಸಹಿ ಬಹಳ ಚೆನ್ನಾಗಿದೆ. ನಿಮ್ಮ ಇವತ್ತಿನ ಪ್ರಮಾಣಪತ್ರದ ಕೆಳಗೂ ಹೀಗೇ ಒಂದು ಸಹಿ ಇದೆ."

ಅಳತೆ ಸಾಹೇಬರು ಬಗ್ಗಿ ನೋಡಿದರು. ಬಡ್ತಿ ಸಿಗುವ ಮುಂಚೆ ಅವರೂ ಚೆಕಿಂಗಿನಲ್ಲಿದ್ದದ್ದು, ಸಕ್ಕರೆ ಕಮ್ಮಿ ಟೀ ಕುಡಿದದ್ದು ಎಲ್ಲ ಒಟ್ಟಿಗೆ ನೆನಪಾಗಿರಬೇಕು. ಕೈ ತಾನಾಗಿ ಜೇಬಿಗೆ ಹೋಗಿ ಟೇಪನ್ನು ಹಿಡಿದುಕೊಂಡಿತು. ಅಳೆಯಲು ಅಲ್ಲಿ ಏನೂ ಇರಲಿಲ್ಲ.

ಆದೇಶ ಎರಡು ವಾರದಲ್ಲಿ ಬಂತು. ಹನ್ನೆರಡು ವರ್ಷ ನೋಡಿಯೂ ಸುಮ್ಮನಿದ್ದ ಇಲಾಖೆ ಈಗ ಪರ್ಮಿಟ್ಟು ರದ್ದು ಮಾಡುವಂತಿಲ್ಲ. ಮಾರ್ಗ ಬದಲಾವಣೆಗೆ ಒಡತಿ ಕ್ರಮವಾಗಿ ಅರ್ಜಿ ಹಾಕಬೇಕು. ಅದು ತೀರ್ಮಾನವಾಗುವವರೆಗೆ ಬಸ್ಸು ಆಸ್ಪತ್ರೆಯ ಮೂಲಕವೇ ಹೋಗಬಹುದು, ಆದರೆ ದರ ಮಾತ್ರ ಏಳು ಸ್ಟೇಜಿನದೇ. ಒಡತಿಗೆ ದಂಡ. ದಂಡವೊಂದರಿಂದಲೇ ಆದೇಶಕ್ಕೆ ತೂಕ ಬರುವುದಿಲ್ಲವಾದ್ದರಿಂದ, ತಾನೇ ತಪ್ಪೊಪ್ಪಿಕೊಂಡ ಕಂಡಕ್ಟರನ ಲೈಸೆನ್ಸು ಹದಿನೈದು ದಿನ ಅಮಾನತು.

"ನಿನ್ನ ಹೆಂಡತಿ ಮಂಡಿಗೆ ನಾನು ಡೀಸೆಲ್ ಹಾಕ್ಬೇಕಾ?" ಎಂದು ಅಮ್ಮಾವ್ರು ಒಂದು ಗಂಟೆ ಕೂಗಾಡಿದರಂತೆ. ಆಮೇಲೆ, "ಹದಿನಾರನೇ ದಿನ ಬೆಳಿಗ್ಗೆ ಬಾ. ತಡ ಮಾಡಿದ್ರೆ ಸಂಬಳ ಹಿಡೀತೀನಿ" ಎಂದರಂತೆ.

ಅಮಾನತಿನ ಮೊದಲ ದಿನ ಜಾಗಣ್ಣ ಮನೆಯಲ್ಲಿ ಕೂರಲಾರದೆ ಅದೇ ಒಂಬತ್ತೂ ಹತ್ತರ ಬಸ್ಸಿಗೆ ಬಂದ. ಚೀಲವಿಲ್ಲದ ಅವನ ಹೆಗಲು ಒಂದು ಕಡೆಗೆ ವಾಲಿದಂತೆ ಕಾಣುತ್ತಿತ್ತು. ಬಾಗಿಲಲ್ಲಿ ಇನ್ನೊಂದು ಬಸ್ಸಿನಿಂದ ತಂದ ಕಂಡಕ್ಟರ್ ನಿಂತಿದ್ದ. ಲಾಂಡ್ರಿ ಅಕ್ಕ ಎಂದಿನ ಕಿಟಕಿಯ ಪಕ್ಕ ಕುಳಿತಿದ್ದರು. ಜಾಗಣ್ಣ ಎಲ್ಲಿ ಕೂರುವುದೆಂದು ತಿಳಿಯದೆ ಅತ್ತಿತ್ತ ನೋಡಿದ. ಇಪ್ಪತ್ತಾರು ವರ್ಷದಲ್ಲಿ ಆ ಬಸ್ಸಿನಲ್ಲಿ ಅವನು ಕುಳಿತವನಲ್ಲ. ನಾನು ಎದ್ದು, "ಇಲ್ಲಿ ಬಾಪ್ಪಾ" ಎಂದು ಲಾಂಡ್ರಿ ಅಕ್ಕನ ಪಕ್ಕದ ನನ್ನ ಸೀಟನ್ನು ಬಿಟ್ಟುಕೊಟ್ಟೆ.

"ಅಯ್ಯೋ, ಬೇಡಿ ಮೇಷ್ಟ್ರೇ."

"ಕೂತ್ಕೊ, ಜಾಗ ಇದೆ" ಎಂದು ಇಡೀ ಬಸ್ಸು ಒಟ್ಟಿಗೆ ಕೂಗಿತು.

ಅವನು ಸೀಟಿನ ತುದಿಯಲ್ಲಿ, ಎರಡು ಕೈಗಳನ್ನೂ ಮಂಡಿಯ ಮೇಲಿಟ್ಟುಕೊಂಡು, ಶಾಲೆಗೆ ಹೊಸದಾಗಿ ಸೇರಿದವನಂತೆ ಕುಳಿತ. ಲಾಂಡ್ರಿ ಅಕ್ಕ ಕಿಟಕಿಯ ಹೊರಗೆ ನೋಡುತ್ತಿದ್ದರು. ಗಿರಣಿ ಮೂಲೆ ಬಂತು. ಭಾವ ಕನ್ನಡಿಯಲ್ಲಿ ಹಿಂದಕ್ಕೆ ಒಮ್ಮೆ ನೋಡಿ, ಹಾರ್ನು ಊದಿ, ಧಾರಾಳವಾಗಿ ಎಡಕ್ಕೆ ತಿರುಗಿಸಿದ. ಹೊಸ ಕಂಡಕ್ಟರ್ ಬಂದು "ಟಿಕೆಟ್" ಎಂದ.

ಜಾಗಣ್ಣ ಜೇಬಿನಿಂದ ಹಣ ತೆಗೆದು, ಸ್ವಲ್ಪ ಗಟ್ಟಿಯಾಗಿಯೇ, "ಆಸ್ಪತ್ರೆ ಎರಡು" ಎಂದ.

ಲಾಂಡ್ರಿ ಅಕ್ಕ ಕಿಟಕಿಯಿಂದ ಮುಖ ತಿರುಗಿಸಲಿಲ್ಲ. "ನನ್ನದು ನಾನು ತಗೋತೀನಪ್ಪ" ಎಂದರು ಕಂಡಕ್ಟರನಿಗೆ. "ಇವರು ಯಾರೋ ನನಗೆ ಗೊತ್ತಿಲ್ಲ."

ಆದರೆ ಜಾಗಣ್ಣ ಕೊಟ್ಟ ಟಿಕೆಟ್ಟನ್ನು ತೆಗೆದುಕೊಂಡು, ಎರಡಾಗಿ ಮಡಿಸಿ, ಕುಪ್ಪಸದೊಳಗೆ ಇಟ್ಟುಕೊಂಡರು.